ನಿವೃತ್ತಿಯೂ ಆರಂಭತ್ಯಾಗವೂ

ಅನ್ನ ದೊರೆಯದೆ ಹಸಿದಿರುವವನನ್ನು ಯಾರೂ ಉಪವಾಸಿಯೆಂದು ಕರೆಯುವುದಿಲ್ಲ. ಅನ್ನವೂ ಇದ್ದು, ಹಸಿವೂ ಇದ್ದು, ಇಂದು ಇದು ತನಗೆ ಬೇಡವೆಂದು ಸಂಕಲ್ಪಮಾಡಿ ಕೈಬಿಟ್ಟವನೇ ಉಪವಾಸಿ. ಹೊರಗಿನ ಕಣ್ಣಿಗೆ ಇಬ್ಬರ ಹೊಟ್ಟೆಯೂ ಬರಿದೇ. ಒಳಗಿನ ಪರಿಣಾಮ ಮಾತ್ರ ಬೇರೆ. ಈ ಭೇದವನ್ನು ಆಚಾರ್ಯರು ಬಹು ಸೂಕ್ಷ್ಮವಾಗಿ ಗುರುತಿಸಿದ್ದಾರೆ. ತತ್ತ್ವಾರ್ಥಸೂತ್ರಕ್ಕೆ ಸರ್ವಾರ್ಥಸಿದ್ಧಿಯೆಂಬ ವ್ಯಾಖ್ಯಾನವನ್ನು ರಚಿಸಿದ ಪೂಜ್ಯಪಾದರು ಅಕಾಮನಿರ್ಜರೆಯನ್ನು ವಿವರಿಸುವಾಗ ಸೆರೆಯಲ್ಲಿ ಕಟ್ಟುಬಿದ್ದವನ ಉದಾಹರಣೆಯನ್ನು ಕೊಡುತ್ತಾರೆ. ಅವನು ಹಸಿವು ನೀರಡಿಕೆಗಳನ್ನು ಸಹಿಸುತ್ತಾನೆ, ನೆಲದ ಮೇಲೆ ಮಲಗುತ್ತಾನೆ, ಬ್ರಹ್ಮಚರ್ಯದಲ್ಲಿಯೂ ಇರುತ್ತಾನೆ. ಮುನಿಯ ಚರ್ಯೆಗೂ ಅವನ ದಿನಚರಿಗೂ ಮೇಲುನೋಟಕ್ಕೆ ಹೋಲಿಕೆಯಿದೆ. ಆದರೆ ಅವುಗಳಲ್ಲಿ ಒಂದನ್ನೂ ಅವನು ಬಯಸಿ ಸ್ವೀಕರಿಸಿದವನಲ್ಲ. ಆದುದರಿಂದ ಅವನ ಸಹನೆಗೆ ಅಲ್ಪ ಫಲವುಂಟೇ ಹೊರತು ಅದು ವ್ರತವೆನಿಸುವುದಿಲ್ಲ.

ಉಪವಾಸದ ವಿಷಯದಲ್ಲಿ ಈ ಭೇದವನ್ನು ಎಲ್ಲ ಶ್ರಾವಕ ಶ್ರಾವಿಕೆಯರೂ ಬಲ್ಲರು. ಆದರೆ ಇದೇ ಭೇದವು ಗೃಹಸ್ಥಜೀವನದ ಮತ್ತೊಂದು ಸಂದರ್ಭದಲ್ಲಿಯೂ ಎದುರಾಗುತ್ತದೆ. ಅದು ಉದ್ಯೋಗದಿಂದ ನಿವೃತ್ತನಾಗುವ ಸಂದರ್ಭ. ಕರ್ನಾಟಕ ಸರ್ಕಾರದ ನೌಕರನು 60 ವರ್ಷ ತುಂಬುವ ತಿಂಗಳಿನ ಕೊನೆಯ ದಿನ ಸೇವೆಯಿಂದ ಹೊರಬರುತ್ತಾನೆ. ಬೀಳ್ಕೊಡುಗೆಯ ಸಭೆ ನಡೆಯುತ್ತದೆ. ಹಾರ, ಶಾಲು, ಫಲತಾಂಬೂಲ, ನಾಲ್ಕು ಮಂದಿಯ ಹೊಗಳಿಕೆಯ ಮಾತು. ಮರುದಿನ ಬೆಳಗ್ಗೆ ಅವನು ಎಂದಿನ ಹೊತ್ತಿಗೇ ಏಳುತ್ತಾನೆ. ಹೋಗಬೇಕಾದ ಸ್ಥಳ ಮಾತ್ರ ಇಲ್ಲ. ಅವನದು ಹಸಿವೋ ಉಪವಾಸವೋ? ಕೆಲಸ ಅವನನ್ನು ಬಿಟ್ಟಿತೋ, ಅವನು ಕೆಲಸವನ್ನು ಬಿಟ್ಟನೋ? ಹಸಿವಾಗಿ ಬಂದುದನ್ನು ನಡುವಿನಲ್ಲಿ ಉಪವಾಸವನ್ನಾಗಿ ಮಾಡಿಕೊಳ್ಳುವ ದಾರಿಯುಂಟೋ? ಇವು ವಿಚಾರಾರ್ಹವಾದ ಪ್ರಶ್ನೆಗಳು.

ಹೆಸರಿಗೆ ಅಂಟಿದ ಹುದ್ದೆ

ಬಂಟ್ವಾಳ ತಾಲೂಕಿನಲ್ಲಿ ಕೇರಳದ ಗಡಿಗೆ ಸಮೀಪವಾಗಿರುವ ಕನ್ಯಾನದಂತಹ ಊರಿನಲ್ಲಿ ಹಿರಿಯರನ್ನು ಬರಿಯ ಹೆಸರಿನಿಂದ ಕರೆಯುವುದು ಅಪರೂಪ. ಮಾಸ್ಟ್ರು, ಡಾಕ್ಟ್ರು, ಮ್ಯಾನೇಜರ್ರು ಎಂದೇ ಊರವರು ಕರೆಯುತ್ತಾರೆ. ಪಟೇಲಿಕೆ ಇಲ್ಲವಾಗಿ ದಶಕಗಳು ಕಳೆದಿದ್ದರೂ ತುಳುನಾಡಿನ ಎಷ್ಟೋ ಊರುಗಳಲ್ಲಿ 'ಪಟೇಲರ ಮನೆ' ಎಂಬ ಮಾತು ಉಳಿದಿದೆ. ಈ ಕರೆಯುವಿಕೆಯಲ್ಲಿ ಗೌರವವೂ ಇದೆ, ಪ್ರೀತಿಯೂ ಇದೆ. ಆದರೆ ಮೂವತ್ತು ಮೂವತ್ತೈದು ವರ್ಷ ಒಂದೇ ಕರೆಗೆ ಓಗೊಟ್ಟವನಿಗೆ ಕ್ರಮೇಣ ಆ ಕರೆಯೇ ತಾನೆಂಬ ಭ್ರಮೆಯುಂಟಾಗುತ್ತದೆ. ಅಂಗಿಯನ್ನು ತೊಟ್ಟು ತೊಟ್ಟು ಅದನ್ನೇ ಚರ್ಮವೆಂದು ಬಗೆದವನಂತೆ, ಅದನ್ನು ಕಳಚುವ ದಿನ ಅವನಿಗೆ ನೋವಾಗುತ್ತದೆ.

ಹೀಗೆಂದ ಮಾತ್ರಕ್ಕೆ ಕೆಲಸವು ಹೀನವಾದುದಲ್ಲ. ಕಲ್ಪವೃಕ್ಷಗಳು ಕ್ಷೀಣಿಸಿ ಜನರು ದಿಕ್ಕುಗೆಟ್ಟಾಗ ಅಸಿ, ಮಸಿ, ಕೃಷಿ, ವಿದ್ಯೆ, ವಾಣಿಜ್ಯ, ಶಿಲ್ಪ ಎಂಬ ಆರು ಕರ್ಮಗಳನ್ನು ಕಲಿಸಿಕೊಟ್ಟವರು ಭಗವಾನ್ ಆದಿನಾಥರೇ. ಕೆಲಸವನ್ನು ಕಲಿಸಿದ ಆ ಆದಿಪ್ರಭುವೇ ನೀಲಾಂಜನೆಯ ನೃತ್ಯದ ನಡುವೆ ಅವಳ ಆಯುಷ್ಯ ಮುಗಿದುದನ್ನು ಕಂಡು ರಾಜ್ಯವನ್ನು ತೊರೆದರು. ಕೆಲಸಕ್ಕೆ ಒಂದು ಕಾಲ, ಬಿಡುವುದಕ್ಕೆ ಒಂದು ಕಾಲ. ಎರಡನ್ನೂ ತೋರಿದವರು ಒಬ್ಬರೇ. ದೋಷವಿರುವುದು ಕೆಲಸದಲ್ಲಿ ಅಲ್ಲ, ಕೆಲಸವನ್ನು 'ನಾನು' ಎಂದು ಬಗೆಯುವ ಮಿಥ್ಯಾಬುದ್ಧಿಯಲ್ಲಿ.

ಆ 'ನಾನು' ಎಷ್ಟು ಅಸ್ಥಿರವಾದ ನೆಲದ ಮೇಲೆ ನಿಂತಿದೆ ಎಂಬುದನ್ನು ಈ ಜಿಲ್ಲೆಯ ಜೈನ ಮನೆತನಗಳು ಒಂದಕ್ಕಿಂತ ಹೆಚ್ಚು ಬಾರಿ ಕಂಡಿವೆ. 1974ರ ಮಾರ್ಚ್ 1ರಂದು ಭೂಸುಧಾರಣೆಯ ತಿದ್ದುಪಡಿ ಶಾಸನವು ಜಾರಿಗೆ ಬಂದು, ಗೇಣಿಯ ಭೂಮಿಯೆಲ್ಲವೂ ಸರ್ಕಾರದಲ್ಲಿ ನಿಹಿತವಾಯಿತು. ಒಕ್ಕಲುಗಳು ಡಿಕ್ಲರೇಶನ್ ಕೊಟ್ಟರು, ಉಳುವವನು ಹೊಲದೊಡೆಯನಾದನು. ಮುಡಿಗಟ್ಟಲೆ ಗೇಣಿಯಕ್ಕಿ ಬಂದು ಬೀಳುತ್ತಿದ್ದ ಚಾವಡಿಗಳು ಬರಿದಾದುವು. ಉತ್ತವನಿಗೆ ನೆಲ ಸೇರಿದುದು ನ್ಯಾಯವೇ. ತಲೆತಲಾಂತರದಿಂದ ಪರರ ಗದ್ದೆಯಲ್ಲಿ ಬೆವರು ಸುರಿಸಿದವರ ಮನೆಯಲ್ಲಿ ಅಂದು ದೀಪ ಬೆಳಗಿತು. ಆದರೆ 'ಧಣಿ' ಎಂಬ ಹೆಸರಿನ ಹೊರತು ಬೇರೆ ಹೆಸರನ್ನೇ ಅರಿಯದ ಹಿರಿಯರಿಗೆ ಅದು ನೆಲಕ್ಕಿಂತ ಹೆಚ್ಚಿನದನ್ನು ಕಳೆದುಕೊಂಡಂತೆ ತೋರಿತು. ಕೆಲವರು ಆ ಕಹಿಯನ್ನೇ ಕೊನೆಯವರೆಗೂ ಮೆಲುಕು ಹಾಕಿದರು. ಪರಿಗ್ರಹವು ತಾನಾಗಿ ಕಳಚಿಬಿದ್ದುದನ್ನು ಧರ್ಮಕ್ಕೆ ದೊರೆತ ಅವಕಾಶವೆಂದು ಕಂಡವರು ಮಾತ್ರ ಹಗುರಾದರು. ಕಳೆದುಹೋದ ಗದ್ದೆ ಇಬ್ಬರದೂ ಒಂದೇ ಬಗೆಯದು. ಬಂಧವಾದ ಕರ್ಮ ಒಂದೇ ಬಗೆಯದಲ್ಲ.

ಧಣಿತನ ಹೋದ ಮೇಲೆ ಮಕ್ಕಳು ಓದಿ ಉದ್ಯೋಗಗಳಿಗೆ ಹೋದರು. ಅನೇಕರಿಗೆ ಬ್ಯಾಂಕುಗಳು ಅನ್ನ ಕೊಟ್ಟವು. ಕಾರ್ಪೊರೇಶನ್ ಬ್ಯಾಂಕು 1906ರಲ್ಲಿ ಉಡುಪಿಯಲ್ಲಿ, ಸಿಂಡಿಕೇಟ್ ಬ್ಯಾಂಕು 1925ರಲ್ಲಿ ಉಡುಪಿಯಲ್ಲಿ, ವಿಜಯಾ ಬ್ಯಾಂಕು 1931ರಲ್ಲಿ ಮಂಗಳೂರಿನಲ್ಲಿ ಹುಟ್ಟಿದವು. ಇವುಗಳಲ್ಲಿ ದುಡಿದವರು ಬ್ಯಾಂಕಿನ ಹೆಸರನ್ನು ಮನೆತನದ ಹೆಸರಿನಂತೆ ಧರಿಸಿದರು. 2019ರ ಏಪ್ರಿಲ್ 1ರಂದು ವಿಜಯಾ ಬ್ಯಾಂಕು ಬರೋಡಾ ಬ್ಯಾಂಕಿನಲ್ಲಿಯೂ, 2020ರ ಏಪ್ರಿಲ್ 1ರಂದು ಸಿಂಡಿಕೇಟ್ ಬ್ಯಾಂಕು ಕೆನರಾ ಬ್ಯಾಂಕಿನಲ್ಲಿಯೂ, ಕಾರ್ಪೊರೇಶನ್ ಬ್ಯಾಂಕು ಯೂನಿಯನ್ ಬ್ಯಾಂಕಿನಲ್ಲಿಯೂ ವಿಲೀನವಾದವು. ನಿವೃತ್ತನು ಹುದ್ದೆಯನ್ನು ಕಳೆದುಕೊಂಡರೂ ಸಂಸ್ಥೆಯಾದರೂ ಉಳಿದಿದೆಯೆಂದು ನೆಮ್ಮದಿಪಡುತ್ತಿದ್ದನು. ಈಗ ಆ ಫಲಕವೇ ಬೀದಿಯಲ್ಲಿಲ್ಲ. ಪುದ್ಗಲದ ಪರ್ಯಾಯವು ಉತ್ಪತ್ತಿ ವ್ಯಯಗಳಿಗೆ ಒಳಪಟ್ಟುದೆಂದು ಸ್ವಾಧ್ಯಾಯದಲ್ಲಿ ಓದಿದ ಮಾತು ಪೇಟೆಯ ಬೀದಿಯಲ್ಲಿ ಹೀಗೆ ಕಣ್ಣಿಗೆ ಬೀಳುತ್ತದೆ.

ಕಲ್ಲು ಉಳಿಸಿಕೊಂಡುದು, ಅರಸನು ಬಿಟ್ಟುದು

ಶ್ರವಣಬೆಳಗೊಳದ ಚಿಕ್ಕಬೆಟ್ಟದಲ್ಲಿ ಕೂಗೆ ಬ್ರಹ್ಮದೇವರ ಕಂಬವಿದೆ. ಗಂಗವಂಶದ ಮಾರಸಿಂಹನ ಯುದ್ಧಗಳನ್ನೂ ಗೆಲವುಗಳನ್ನೂ ಬಿರುದುಗಳನ್ನೂ ಅದರ ಶಾಸನವು ವಿಸ್ತಾರವಾಗಿ ವರ್ಣಿಸುತ್ತದೆ. ಕೊನೆಯಲ್ಲಿ ಬರುವ ಮಾತು ಚಿಕ್ಕದು: ಅರಸನು ರಾಜ್ಯವನ್ನು ತ್ಯಜಿಸಿ, ಬಂಕಾಪುರದಲ್ಲಿ ಅಜಿತಸೇನ ಭಟ್ಟಾರಕರ ಸನ್ನಿಧಿಯಲ್ಲಿ ಮೂರು ದಿನ ಸಲ್ಲೇಖನವನ್ನು ನೋಂತು ಸಮಾಧಿಯನ್ನು ಪಡೆದನು. ಇದು ಕ್ರಿ.ಶ. 974ರ ಸುಮಾರಿನ ಸಂಗತಿ. ಬಿರುದುಗಳನ್ನು ಕಲ್ಲು ಉಳಿಸಿಕೊಂಡಿತು, ಅರಸನು ಉಳಿಸಿಕೊಳ್ಳಲಿಲ್ಲ. ಇಂದು ನಿವೃತ್ತನ ಮನೆಯ ಗೋಡೆಯ ಮೇಲಿನ ಸನ್ಮಾನಪತ್ರಗಳು ಗೋಡೆಯಲ್ಲಿಯೇ ಇದ್ದರೆ ಬಾಧಕವಿಲ್ಲ. ಅವು ಗೋಡೆಯಿಂದಿಳಿದು ಎದೆಯೊಳಗೆ ನೆಲಸಿದಾಗಲೇ ಬಾಧೆ.

ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಎಂಟು ಮದಗಳನ್ನು ಎಣಿಸಿದ್ದಾರೆ: ಜ್ಞಾನ, ಪೂಜೆ, ಕುಲ, ಜಾತಿ, ಬಲ, ಋದ್ಧಿ, ತಪಸ್ಸು, ಶರೀರ. ಇವುಗಳಲ್ಲಿ ಪೂಜಾಮದವೆಂದರೆ ಪರರಿಂದ ಬರುವ ಮನ್ನಣೆಯ ಮದ. ಕುರ್ಚಿಯಲ್ಲಿರುವಾಗ ಅದು ಕಾಣಿಸುವುದಿಲ್ಲ. ಏಕೆಂದರೆ ದಿನವೂ ಅದಕ್ಕೆ ಆಹಾರ ದೊರೆಯುತ್ತಿರುತ್ತದೆ. ಎದ್ದು ನಿಲ್ಲುವವರಿದ್ದಾರೆ, ಸಹಿಗಾಗಿ ಕಾದಿರುವವರಿದ್ದಾರೆ. ಕುರ್ಚಿ ಹೋದ ಮರುದಿನದಿಂದ ಅದು ಹಸಿಯತೊಡಗುತ್ತದೆ. ಹಸಿದಾಗಲೇ ಅದು ಒಳಗಿತ್ತೆಂಬುದು ತಿಳಿಯುತ್ತದೆ. ಆಗ ಅದು ಮನೆ ಬದಲಾಯಿಸುತ್ತದೆ. ಕಛೇರಿಯಲ್ಲಿ ಆಳಿದವನು ಬಸದಿಯ ಆಡಳಿತ ಸಮಿತಿಯಲ್ಲಿ ಆಳಬಯಸುತ್ತಾನೆ. ಅಲ್ಲಿಯೂ ಸಾಲದಾದರೆ ವ್ರತಗಳನ್ನು ಹಿಡಿದು, ತಾನು ಎಷ್ಟು ಉಪವಾಸ ಮಾಡಿದೆನೆಂದು ಎಣಿಸಿ ಹೇಳತೊಡಗುತ್ತಾನೆ. ಪೂಜಾಮದವು ತಪೋಮದವಾಗುವುದು ಹೀಗೆ. ಸಂಘಸೇವೆಯೂ ಉಪವಾಸವೂ ಸ್ತುತ್ಯವಾದುವೇ. ಆದರೆ ಕಳೆದುಹೋದ ಕುರ್ಚಿಯ ಬದಲಿಗೆ ಇನ್ನೊಂದು ಕುರ್ಚಿಯಾಗಿ ಅವುಗಳನ್ನು ಎಳೆದುಕೊಳ್ಳಲಾಗದು.

ಪೂರ್ವದ ಹೆಸರನ್ನು ಹಿಡಿದುಕೊಳ್ಳುವವನು ನಿವೃತ್ತನೊಬ್ಬನೇ ಅಲ್ಲ, ಸುತ್ತಲಿನವರೂ ಹೌದು. ಆದಿನಾಥರು ದೀಕ್ಷೆ ವಹಿಸಿ ಆರು ತಿಂಗಳ ಯೋಗವನ್ನು ಮುಗಿಸಿ ಆಹಾರಕ್ಕಾಗಿ ಊರೂರು ಸಂಚರಿಸಿದಾಗ ಜನರು ಏನು ಮಾಡಿದರೆಂಬುದನ್ನು ಪುರಾಣಗಳು ಹೇಳುತ್ತವೆ. ಅವರು ಆನೆಗಳನ್ನು ತಂದರು, ಕುದುರೆಗಳನ್ನು ತಂದರು, ರತ್ನಗಳನ್ನೂ ವಸ್ತ್ರಾಭರಣಗಳನ್ನೂ ಕನ್ಯೆಯರನ್ನೂ ತಂದು ಮುಂದಿಟ್ಟರು. ಅವರಲ್ಲಿ ಭಕ್ತಿಗೆ ಕೊರತೆಯಿರಲಿಲ್ಲ. ಆದರೆ ಅವರ ಕಣ್ಣಿಗೆ ಕಾಣುತ್ತಿದ್ದವನು ಅರಸನೇ. ಎದುರಿಗೆ ನಿಂತ ಮುನಿಯನ್ನು ಅವರು ಕಾಣಲಿಲ್ಲ. ಪ್ರಭುವು ಅವರ ಮೇಲೆ ಕೋಪಿಸಲೂ ಇಲ್ಲ, ತಂದುದನ್ನು ಕೊಳ್ಳಲೂ ಇಲ್ಲ. ಮೌನದಿಂದ ಮುಂದೆ ನಡೆದರು. ಹೀಗೆ ಮತ್ತೆ ಆರು ತಿಂಗಳಿಗೂ ಮಿಕ್ಕಿ ಕಳೆದ ಮೇಲೆ ಹಸ್ತಿನಾಪುರದಲ್ಲಿ ಶ್ರೇಯಾಂಸನು ಜಾತಿಸ್ಮರಣೆಯಿಂದ ದಾನದ ವಿಧಿಯನ್ನು ಅರಿತು ಕಬ್ಬಿನ ರಸವನ್ನು ನೀಡಿದನು. ಅಕ್ಷಯತೃತೀಯೆಯಂದು ಜೈನ ಮನೆಗಳಲ್ಲಿ ಈ ಕಥೆಯನ್ನು ದಾನದ ಮಹಿಮೆಗಾಗಿ ಸ್ಮರಿಸುತ್ತಾರೆ. ಅದರಲ್ಲಿ ಇನ್ನೊಂದು ಪಾಠವೂ ಅಡಗಿದೆ. ಬಿಟ್ಟವನಿಗೆ ಬಿಟ್ಟುದನ್ನೇ ಮತ್ತೆ ತಂದೊಪ್ಪಿಸುವುದು ಲೋಕದ ರೂಢಿ. ಊರವರು 'ಮ್ಯಾನೇಜರ್ರೇ' ಎಂದು ಕರೆದರೆ ಸಿಡುಕುವುದೂ ಬೇಡ, ಹಿಗ್ಗುವುದೂ ಬೇಡ, ಮುಂದೆ ನಡೆದರಾಯಿತು.

ಎಂಟನೆಯ ಮೆಟ್ಟಿಲು ಮತ್ತು ಹತ್ತನೆಯ ಮೆಟ್ಟಿಲು

ಶ್ರಾವಕನ ಹನ್ನೊಂದು ಪ್ರತಿಮೆಗಳಲ್ಲಿ ಎಂಟನೆಯದು ಆರಂಭತ್ಯಾಗ. ಪ್ರಾಣಿಹಿಂಸೆಗೆ ಕಾರಣವಾದ ಉದ್ಯೋಗಗಳಿಂದ ವಿರಮಿಸುವುದು ಅದರ ಲಕ್ಷಣ. ಅಂತಹ ಉದ್ಯೋಗಗಳನ್ನು ಹೆಸರಿಸುವಾಗ ಸಮಂತಭದ್ರರು ಕೃಷಿ ವಾಣಿಜ್ಯಗಳಿಗಿಂತ ಮೊದಲು ಸೇವೆಯನ್ನು, ಎಂದರೆ ಪರರ ಕೈಕೆಳಗಿನ ನೌಕರಿಯನ್ನು, ಹೇಳಿರುವುದು ಗಮನಾರ್ಹ. ಅವರ ದೃಷ್ಟಿಯಲ್ಲಿ ನೌಕರಿಯಿಂದ ಹೊರಬರುವುದು ಅಧೋಗತಿಯಲ್ಲ, ಏರಬೇಕಾದ ಮೆಟ್ಟಿಲು. ಸ್ವತ್ತಿನ ಬಿಡುಗಡೆ ಅದರ ಮುಂದಿನ ಮೆಟ್ಟಿಲಾದ ಪರಿಗ್ರಹತ್ಯಾಗದಲ್ಲಿ ಬರುತ್ತದೆ. ಆದುದರಿಂದ ಪಿಂಚಣಿಯಿಂದ ಬಾಳುವವನು ಅದಕ್ಕಾಗಿ ಅಳುಕಬೇಕಾಗಿಲ್ಲ.

ಆದರೆ ಇಲ್ಲಿ ಎಚ್ಚರಿಕೆ ಬೇಕು. ಎಂಟನೆಯ ಮೆಟ್ಟಿಲಿಗೆ ಮೊದಲು ಏಳು ಮೆಟ್ಟಿಲುಗಳಿವೆ. ದರ್ಶನ, ವ್ರತ, ಸಾಮಾಯಿಕ, ಪ್ರೋಷಧ, ಸಚಿತ್ತತ್ಯಾಗ, ರಾತ್ರಿಭುಕ್ತಿತ್ಯಾಗ, ಬ್ರಹ್ಮಚರ್ಯಗಳನ್ನು ದಾಟದೆ, ಸರ್ಕಾರದ ಆದೇಶಪತ್ರ ಕೈಗೆ ಬಂದ ಮಾತ್ರಕ್ಕೆ ಯಾರೂ ಆರಂಭತ್ಯಾಗಿಯಾಗಲಾರರು. ಪ್ರತಿಮೆಯನ್ನು ಧರಿಸಲಾಗದವನು ಅದರ ಭಾವವನ್ನು ಅಭ್ಯಾಸ ಮಾಡಬಹುದು, ಅಷ್ಟೆ.

ಅಭ್ಯಾಸಕ್ಕೆ ಅತ್ಯಂತ ಕಠಿನವಾದುದು ಹತ್ತನೆಯದು, ಅನುಮತಿತ್ಯಾಗ. ಉದ್ಯೋಗದಲ್ಲಾಗಲಿ ಪರಿಗ್ರಹದಲ್ಲಾಗಲಿ ಲೌಕಿಕ ಕಾರ್ಯಗಳಲ್ಲಾಗಲಿ ತನ್ನ ಸಮ್ಮತಿಯನ್ನು ಸೇರಿಸದೆ ಸಮಬುದ್ಧಿಯಿಂದಿರುವುದು ಅದರ ಲಕ್ಷಣ. ಶಾಸ್ತ್ರಕಾರರು ಇದನ್ನು ಉದ್ಯೋಗತ್ಯಾಗ ಮತ್ತು ಪರಿಗ್ರಹತ್ಯಾಗಗಳ ನಂತರ ಇಟ್ಟಿರುವುದರಲ್ಲಿ ಮನುಷ್ಯಸ್ವಭಾವದ ಆಳವಾದ ಅರಿವಿದೆ. ದುಡಿಮೆಯನ್ನು ಬಿಡಬಹುದು, ಹಣವನ್ನೂ ಬಿಡಬಹುದು. 'ನನ್ನನ್ನು ಕೇಳದೆ ಹೇಗೆ ಮಾಡಿದಿರಿ' ಎಂಬ ಮಾತನ್ನು ಬಿಡುವುದು ಸುಲಭವಲ್ಲ. ಕಛೇರಿಯನ್ನು ಬಿಟ್ಟವನು ಮನೆಯನ್ನೇ ಕಛೇರಿಯನ್ನಾಗಿ ಮಾಡಿಕೊಂಡು, ಅಡಕೆ ಮಾರುವುದರಿಂದ ಹಿಡಿದು ಮೊಮ್ಮಗನ ಓದಿನವರೆಗೆ ಎಲ್ಲಕ್ಕೂ ತನ್ನ ಒಪ್ಪಿಗೆ ಬೇಕೆನ್ನುತ್ತಾನೆ. ಮಗನು ಹೊರಗೆ ಹೆದರದಿದ್ದರೂ ಒಳಗೆ ಬೇಸರಿಸುತ್ತಾನೆ. ಹುದ್ದೆಯು ಅರುವತ್ತಕ್ಕೆ ಹೋಗಿದೆ, ಅನುಮತಿ ಹೋಗಿಲ್ಲ.

ಕಾರ್ಕಳದಲ್ಲಿ 1432ರಲ್ಲಿಯೂ ವೇಣೂರಿನಲ್ಲಿ 1604ರಲ್ಲಿಯೂ ಪ್ರತಿಷ್ಠಿತವಾದ ಬಾಹುಬಲಿಸ್ವಾಮಿಯ ಬಿಂಬಗಳು ಇದನ್ನೇ ಬೋಧಿಸುತ್ತವೆ. ಗೆದ್ದ ರಾಜ್ಯವನ್ನು ಬಿಟ್ಟು ಒಂದು ವರ್ಷ ಅಲುಗಾಡದೆ ನಿಂತರೂ ಕೇವಲಜ್ಞಾನ ಉದಿಸಲಿಲ್ಲ. ಅಣ್ಣನಾದ ಭರತನ ಕುರಿತಾದ ಒಂದು ಚಿಂತೆಯ ಶಲ್ಯ ಒಳಗೆ ಉಳಿದಿತ್ತೆಂದು ಪರಂಪರೆ ಹೇಳುತ್ತದೆ. ಬಿಡುವುದು ಒಂದು ದಿನದ ಕೆಲಸ; ಬಿಟ್ಟುದರ ಮುಳ್ಳನ್ನು ಕೀಳುವುದಕ್ಕೆ ಅಂತಹ ಮಹಾಪುರುಷನಿಗೂ ಒಂದು ವರ್ಷ ಬೇಕಾಯಿತು.

ನಿವೃತ್ತಿಯಿಲ್ಲದ ಕೆಲಸ

ಈ ವಿಚಾರದಲ್ಲಿ ಸಾಮಾನ್ಯವಾಗಿ ಮರೆತುಹೋಗುವ ಪಕ್ಷವೊಂದಿದೆ. ಬೀಸುವುದು, ಕುಟ್ಟುವುದು, ಒಲೆ, ನೀರಿನ ಕೊಡ, ಪೊರಕೆ ಎಂಬ ಪಂಚಸೂನೆಗಳನ್ನು ಶಾಸ್ತ್ರವು ಗೃಹಸ್ಥನ ಆರಂಭಗಳಾಗಿ ಎಣಿಸಿದೆ. ಇವುಗಳ ಭಾರ ಬಹುಮಟ್ಟಿಗೆ ಗೃಹಿಣಿಯ ಮೇಲೆಯೇ ಬಿದ್ದಿದೆ. ಆಕೆಗೆ 60ನೆಯ ವಯಸ್ಸಿನ ಆದೇಶಪತ್ರವಿಲ್ಲ, ಬೀಳ್ಕೊಡುಗೆಯ ಶಾಲೂ ಇಲ್ಲ. ಗಂಡನು ಮನೆಯಲ್ಲಿ ಉಳಿದ ದಿನದಿಂದ ಆಕೆಯ ಕೆಲಸ ಹೆಚ್ಚುತ್ತದೆ. ಅವನು ವ್ರತವನ್ನು ಕೈಗೊಂಡರೆ ಏಕಭುಕ್ತಕ್ಕೂ ಪಾರಣೆಗೂ ಶುದ್ಧವಾಗಿ ಅಡುಗೆ ಮಾಡುವ ಹೊಣೆಯೂ ಆಕೆಯದೇ. ಒಬ್ಬನ ಆರಂಭತ್ಯಾಗವು ಇನ್ನೊಬ್ಬಳ ಆರಂಭವೃದ್ಧಿಯಾದರೆ ಅದರಲ್ಲಿ ತ್ಯಾಗವೆಲ್ಲಿದೆ? ಮಾಡಿದುದು, ಮಾಡಿಸಿದುದು, ಅನುಮೋದಿಸಿದುದು ಎಂಬ ಮೂರಕ್ಕೂ ಧರ್ಮದಲ್ಲಿ ಲೆಕ್ಕವಿದೆ. ತನ್ನ ತಟ್ಟೆಯನ್ನು ತಾನೇ ತೊಳೆಯುವ, ಬಾವಿಯ ನೀರನ್ನು ಸೋಸಿಡುವ, ಪಾರಣೆಯ ದಿನ ಒಲೆಯ ಬಳಿ ಕೈಜೋಡಿಸುವ ನಿವೃತ್ತನಿಗೆ ಅವನ ಹುದ್ದೆಯ ಗುರುತು ಬೇಗ ಅಳಿಯುತ್ತದೆ. ಅಡುಗೆಮನೆಯಲ್ಲಿ ಮ್ಯಾನೇಜರ್ ಎಂಬವನಿಲ್ಲ. ಅತ್ತೆಯೂ ಸೊಸೆಗೆ ಬೀಗದ ಕೈಯನ್ನು ಕೊಟ್ಟ ಮೇಲೆ ಅದರ ಹಿಂದೆಯೇ ತನ್ನ ಅನುಮತಿಯನ್ನೂ ಕೊಟ್ಟುಬಿಡುವುದು ಧರ್ಮವೇ.

ಆಕ್ಷೇಪವೂ ಸಮಾಧಾನವೂ

ಇಷ್ಟನ್ನು ಕೇಳಿದವರು ಒಂದು ಆಕ್ಷೇಪವನ್ನು ಎತ್ತಬಹುದು. ಕಾನೂನು ಕಿತ್ತುಕೊಂಡುದನ್ನು ತಾನೇ ಬಿಟ್ಟೆನೆಂದು ಹೇಳಿಕೊಳ್ಳುವುದು, ಕೈಗೆಟುಕದ ದ್ರಾಕ್ಷಿಯನ್ನು ಹುಳಿಯೆಂದಂತೆ ಆಗುವುದಿಲ್ಲವೇ? ಆಕ್ಷೇಪ ಯುಕ್ತವಾದುದು. ಬಾಯಿಮಾತಿನ ತ್ಯಾಗ ಅಂತಹುದೇ. ಅದನ್ನು ಪರೀಕ್ಷಿಸುವ ಒರೆಗಲ್ಲು ಒಂದಿದೆ: ನಾಳೆ ಯಾರಾದರೂ ಬಂದು ಅದೇ ಕುರ್ಚಿಯನ್ನು ಮತ್ತೆ ಕೊಡುತ್ತೇವೆಂದರೆ ಅವನ ಮನಸ್ಸು ಹಾರುತ್ತದೆಯೋ ಇಲ್ಲವೋ? ಹಾರಿದರೆ ಅವನದು ಇನ್ನೂ ಹಸಿವು.

ಆದರೂ ಹಸಿವು ಉಪವಾಸವಾಗಬಲ್ಲುದು. ಹಾದಿಯಲ್ಲಿ ಆಹಾರ ಸಿಗದೆ ಹೊತ್ತು ಕಳೆದವನು, ಇಂದು ಚತುರ್ದಶಿಯೆಂಬುದನ್ನು ನೆನೆದು, ಇನ್ನು ಸಿಕ್ಕರೂ ಕೊಳ್ಳೆನೆಂದು ಪ್ರತ್ಯಾಖ್ಯಾನ ಮಾಡಿದರೆ ಆ ಕ್ಷಣದಿಂದ ಅವನು ವ್ರತಿಯೇ. ಕಳೆದ ಹೊತ್ತು ಹಿಂದಿರುಗದು, ಉಳಿದ ಹೊತ್ತು ಅವನದು. ಹುದ್ದೆಯ ವಿಷಯದಲ್ಲಿ ಈ ಪ್ರತ್ಯಾಖ್ಯಾನದ ರೂಪ ದಾನ. ಮಹಾಪುರಾಣವು ದತ್ತಿಯನ್ನು ನಾಲ್ಕು ವಿಧವಾಗಿ ಹೇಳುತ್ತದೆ: ದಯಾದತ್ತಿ, ಪಾತ್ರದತ್ತಿ, ಸಮದತ್ತಿ, ಅನ್ವಯದತ್ತಿ. ಅನ್ವಯದತ್ತಿಯೆಂದರೆ ಧನವನ್ನೂ ಧರ್ಮವನ್ನೂ ಮಗನಿಗೆ ಒಪ್ಪಿಸಿಕೊಡುವುದು. ಹುದ್ದೆಯನ್ನು ದಾನವಾಗಿ ಕೊಡಲಾಗದು. ಅದು ಎಂದೂ ತನ್ನದಾಗಿರಲಿಲ್ಲ. ಆದರೆ ಕಲಿತ ಕುಶಲತೆಯನ್ನೂ, ಲೆಕ್ಕದ ಗುಟ್ಟುಗಳನ್ನೂ, ತೋಟದ ಅನುಭವವನ್ನೂ ಕೇಳಿದವರಿಗೆ ಬಚ್ಚಿಡದೆ ಕೊಡಬಹುದು. ಕೊಟ್ಟ ಮೇಲೆ ಅವರು ಬೇರೆ ರೀತಿಯಲ್ಲಿ ನಡೆಸಿದರೆ ನೋಡುತ್ತ ಸುಮ್ಮನಿರಬಹುದು. ಕೈಯಿಂದ ಜಾರಿದುದು ಕೈಯಾರೆ ಕೊಟ್ಟುದಾಗುವುದು ಹೀಗೆ.

ಪರ್ವದಿನದ ಅಭ್ಯಾಸ

ಅರುವತ್ತರ ತನಕ ಏನನ್ನೂ ಬಿಡದವನಿಗೆ ಅರುವತ್ತರಂದು ಎಲ್ಲವನ್ನೂ ಬಿಡುವುದು ದುಸ್ಸಾಧ್ಯ. ಇದನ್ನು ಅರಿತೇ ಪ್ರೋಷಧೋಪವಾಸವನ್ನು ವಿಧಿಸಿದ್ದಾರೆ. ಅಷ್ಟಮಿ ಚತುರ್ದಶಿಗಳಂದು ಆಹಾರದೊಡನೆ ಅಲಂಕಾರ, ಸುಗಂಧಾದಿಗಳನ್ನೂ ಆರಂಭವನ್ನೂ ಬಿಡಬೇಕೆಂದು ಶಾಸ್ತ್ರವಿದೆ. ಹೊಟ್ಟೆಯ ಉಪವಾಸ ಮಾತ್ರ ಜನರ ನೆನಪಿನಲ್ಲಿ ಉಳಿದು, ಕೆಲಸದ ಉಪವಾಸ ಮರೆತುಹೋಗಿದೆ. ತಿಂಗಳಿಗೆ ನಾಲ್ಕು ಪರ್ವಗಳಂತೆ ವರ್ಷಕ್ಕೆ 48 ದಿನ. 30 ವರ್ಷದ ಸೇವೆಯಲ್ಲಿ 1,440 ದಿನ. ನೌಕರಿಯಲ್ಲಿರುವವನಿಗೆ ಇಡೀ ದಿನ ಸಾಧ್ಯವಾಗದಿದ್ದರೆ, ಮನೆಗೆ ಬಂದ ಮೇಲಿನ ಹೊತ್ತಾದರೂ ಕಛೇರಿಯ ಮಾತಿಲ್ಲದೆ, ದೂರವಾಣಿಯಿಲ್ಲದೆ, ಸಾಮಾಯಿಕದಲ್ಲಿ ಕಳೆಯಲಿ. ಅಷ್ಟು ದಿನ ಹುದ್ದೆಯಿಲ್ಲದ ತಾನು ಯಾರೆಂದು ನೋಡಿಕೊಂಡವನಿಗೆ ನಿವೃತ್ತಿಯ ಮರುದಿನ ಅಪರಿಚಿತವೆನಿಸದು. ಮೂಡುಬಿದಿರೆಯ ರತ್ನಾಕರವರ್ಣಿಯು 16ನೆಯ ಶತಮಾನದಲ್ಲಿ ಭರತೇಶವೈಭವದಲ್ಲಿ ಚಿತ್ರಿಸಿದ ಭರತನು ಷಟ್ಖಂಡವನ್ನು ಆಳುತ್ತಲೇ ಆತ್ಮಧ್ಯಾನದಲ್ಲಿದ್ದವನು. ಸಿಂಹಾಸನದಲ್ಲಿ ಕುಳಿತಿದ್ದಾಗಲೇ ಅವನು ಅದನ್ನು ಬಿಟ್ಟಿದ್ದನು.

ಈಗಾಗಲೇ ನಿವೃತ್ತರಾದವರು ನಿರಾಶರಾಗಬೇಕಾಗಿಲ್ಲ. ಆಜೀವ ವ್ರತವನ್ನು ಯಮವೆಂದೂ, ಕಾಲಪರಿಮಿತಿಯುಳ್ಳ ವ್ರತವನ್ನು ನಿಯಮವೆಂದೂ ಕರೆಯುತ್ತಾರೆ. ಶಕ್ತಿಯನ್ನು ಅರಿತು ಸಣ್ಣ ನಿಯಮಗಳಿಂದ ತೊಡಗಬಹುದು. ಒಂದು ಚಾತುರ್ಮಾಸದ ನಾಲ್ಕು ತಿಂಗಳು 'ನಾನು ಇದ್ದಾಗ' ಎಂದು ಯಾವ ಮಾತನ್ನೂ ಆರಂಭಿಸದಿರುವುದು. ದಶಲಕ್ಷಣ ಪರ್ವದ ಹತ್ತು ದಿನ ಕೇಳದೆ ಸಲಹೆ ಕೊಡದಿರುವುದು. ಹೊಸಬರೆದುರು ಹಳೆಯ ಹುದ್ದೆಯನ್ನು ಹೇಳದೆ ಹೆಸರನ್ನಷ್ಟೇ ಹೇಳುವುದು. ಪಕ್ಷಕ್ಕೊಂದು ದಿನ ಮನೆಯ ಯಾವ ವ್ಯವಹಾರಕ್ಕೂ ಹೌದು ಅಲ್ಲ ಎನ್ನದಿರುವುದು. ಇವುಗಳಿಗೆ ಖರ್ಚಿಲ್ಲ, ಉಪವಾಸದ ಆಯಾಸವಿಲ್ಲ. ಆದರೆ ಮೊದಲ ದಿನವೇ ತಿಳಿಯುತ್ತದೆ, ಅನ್ನವನ್ನು ಬಿಡುವುದಕ್ಕಿಂತ ಇದು ಕಷ್ಟವೆಂದು. ನಿಯಮ ಮುರಿದಲ್ಲಿ ಪ್ರತಿಕ್ರಮಣ ಮಾಡಿ ಮತ್ತೆ ಹಿಡಿಯಬೇಕು.

ಮನೆಯವರಿಗೂ ಒಂದು ಕರ್ತವ್ಯವಿದೆ. ನಿವೃತ್ತನಾದ ಹಿರಿಯನನ್ನು ಪಡಿತರದ ಸಾಲಿಗೂ ವಿದ್ಯುತ್ತಿನ ಬಿಲ್ಲಿಗೂ ಮಾತ್ರ ನೆನೆಯುವುದು ಸಲ್ಲದು. ಹಾಗೆಯೇ ಅವನ ಹಳೆಯ ಹುದ್ದೆಯನ್ನು ಹೊಗಳಿ ಹೊಗಳಿ ಅವನನ್ನು ಅಲ್ಲಿಯೇ ಕಟ್ಟಿಹಾಕುವುದೂ ಸಲ್ಲದು. ಶ್ರೇಯಾಂಸನಂತೆ, ಎದುರಿಗಿರುವವನು ಈಗ ಯಾರೆಂಬುದನ್ನು ಕಂಡು ಅವನಿಗೆ ತಕ್ಕುದನ್ನು ನೀಡಬೇಕು: ಸ್ವಾಧ್ಯಾಯಕ್ಕೊಂದು ಮೂಲೆ, ಸಾಮಾಯಿಕಕ್ಕೊಂದು ನಿಶ್ಶಬ್ದದ ಹೊತ್ತು, ಬಸದಿಗೆ ಹೋಗುವಾಗ ಒಬ್ಬ ಜೊತೆಗಾರ.

ಜೀವಕ್ಕೆ ಸ್ವಂತವಾದುದು ಜ್ಞಾನ ದರ್ಶನಗಳು ಮಾತ್ರ. ಅವುಗಳಿಗೆ ನೇಮಕಾತಿಯೂ ಇಲ್ಲ, ನಿವೃತ್ತಿಯೂ ಇಲ್ಲ. ಮಿಕ್ಕ ಹೆಸರುಗಳನ್ನೆಲ್ಲ ಒಂದು ದಿನ ಮೃತ್ಯುವು ಕೇಳದೆಯೇ ಕಳಚುತ್ತದೆ. ಅರುವತ್ತನೆಯ ವರ್ಷವು ಆ ಕೊನೆಯ ದಿನದ ಚಿಕ್ಕ ಪ್ರತಿರೂಪ. ಆಗ ಬಿಡಬೇಕಾದುದರಲ್ಲಿ ಒಂದಂಶವನ್ನು ಈಗಲೇ, ತಿಳಿದು, ಸಂಕಲ್ಪಮಾಡಿ ಬಿಡುವುದಕ್ಕೆ ದೊರೆತ ಕಾಲಾವಕಾಶ. ಅದನ್ನು ಸೆರೆಯಾಳಿನ ಹಸಿವಾಗಿ ಕಳೆಯುವುದೋ ವ್ರತಿಯ ಉಪವಾಸವಾಗಿ ನೋನುವುದೋ ಎಂಬ ನಿರ್ಣಯ ಯಾವ ಸರ್ಕಾರದ ಕೈಯಲ್ಲಿಯೂ ಇಲ್ಲ. ಅದು ಆಯಾ ಶ್ರಾವಕನ ಕೈಯಲ್ಲಿದೆ.